ಅರ್ಧಕ್ಕೇ ಎದ್ದು ಬಂದ ಸಿನಿಮಾ

ಗೊಟಗೋಡಿಯಲ್ಲಿ ಜಾನಪದ ಎಂ.ಎ. ಓದುತ್ತಿದ್ದಾಗ ತಡಸದ ಹುಡುಗನೊಬ್ಬನ ಮೇಲೆ ನನಗೆ ಮನಸ್ಸಾಗಿತ್ತು. ಶಿಗ್ಗಾವಿಯಲ್ಲಿ ಅವನದು ಮೊಬೈಲ್ ರಿಪೇರಿ ಅಂಗಡಿ. ತುಂಬಾ ನಗಿಸುತ್ತಿದ್ದ. ಮೊದಮೊದಲು ಸುಖವಾಗಿಯೇ ಇದ್ದೆ. ಬರಬರುತ್ತ ನಾನು ಎಲ್ಲಿದ್ದೇನೆಂಬುದು ಅವನಿಗೆ ಗಳಿಗೆಗಳಿಗೆಗೂ ಗೊತ್ತಿರಬೇಕಾಯಿತು. ಲೈಬ್ರರಿಯಲ್ಲಿದ್ದೇನೆ ಎಂದರೆ ವಿಡಿಯೋ ಕಾಲ್ ಮಾಡಿ ಕಪಾಟು ತೋರಿಸು ಎನ್ನುತ್ತಿದ್ದ. ಹಳ್ಳಿಗಳಿಗೆ ಹೋಗಿ ಬೀಸುವ ಪದ ಸಂಗ್ರಹಿಸುವುದು ನನ್ನ ಪ್ರಬಂಧದ ಕೆಲಸ, ಅದೂ ಬೇಡವೆಂದ. ಸಿಟ್ಟು ಬಂದರೆ ಗೋಡೆಗೆ ಗುದ್ದಿ ಕೈ ಊದಿಸಿಕೊಳ್ಳುತ್ತಿದ್ದ. ನಾನು ಅಳುತ್ತ ಓಡಿಹೋಗಿ ಸಮಾಧಾನ ಮಾಡುತ್ತಿದ್ದೆ. ಇಷ್ಟು ಹಚ್ಚಿಕೊಂಡವರು ಇನ್ಯಾರು ಸಿಕ್ಕಾರು ಎಂದು ಒಳಗೊಳಗೇ ಹೆಮ್ಮೆಯೂ ಇತ್ತು.

ಒಂದು ಭಾನುವಾರ ಹುಬ್ಬಳ್ಳಿಗೆ ಸಿನಿಮಾಕ್ಕೆ ಕರೆದೊಯ್ದ. ಕಥೆಯೊಳಗಿನ ಹುಡುಗ ತನ್ನ ಹುಡುಗಿಯ ಗೆಳತಿಯರನ್ನು ಬಿಡಿಸಿದ, ನೌಕರಿ ಬಿಡಿಸಿದ, ಕೊನೆಗೆ ಮನೆಯೊಳಗಿಟ್ಟು ಹೊರಗಿನಿಂದ ಚಿಲಕ ಹಾಕಿದ. ಅವಳು ಅವನ ಬಟ್ಟೆಗಳನ್ನೆಲ್ಲ ಒಟ್ಟಿ ಬೆಂಕಿ ಇಟ್ಟಳು. ಅವನು ಓಡಿಬಂದು ಆ ಹೊಗೆಯಲ್ಲೇ ಅವಳನ್ನು ತಬ್ಬಿಕೊಂಡು ಅತ್ತ. ಥೇಟರಿನ ತುಂಬ ಶಿಳ್ಳೆ. ಪಕ್ಕದಲ್ಲಿ ಕೂತ ನನ್ನವನ ಕಣ್ಣಲ್ಲಿ ನೀರಾಡುತ್ತಿತ್ತು.

"ಪ್ರೀತಿ ಅಂದ್ರ ಹಿಂಗಿರಬೇಕು ನೋಡು," ಎಂದ.

ನಾನು ಯಾವುದಕ್ಕೆ ಹೆದರಿ ಕೂತಿದ್ದೆನೋ ಅವನು ಅದನ್ನೇ ಬಯಸುತ್ತಿದ್ದ. ಇಂಟರ್‌ವಲ್ ಆದೊಡನೆ ಎದ್ದೆ.

"ನಾ ಊರಿಗೆ ಹೋಗ್ತೇನಿ."

ಅವನು ನನ್ನ ರಟ್ಟೆ ಹಿಡಿದ. ಹಿಂದಿನ ಸಾಲಿನ ಹೆಂಗಸೊಬ್ಬರು, "ಯಾಕೋ ತಮ್ಮಾ, ಬಿಡು ಆಕಿನ್ನ," ಎಂದು ಗದರಿದರು. ಬಿಟ್ಟ.

ಹಾಸ್ಟೆಲ್ಲಿಗೆ ಹೋಗಲಿಲ್ಲ. ಬಸ್ಸು ಹಿಡಿದು ಸವಣೂರಿನ ಮನೆಗೇ ಹೋದೆ. ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದ ಅವ್ವನಿಗೆ ಎಲ್ಲ ಹೇಳಿ, "ಇನ್ನ ನನ್ನ ಓದು ಬಿಡಸ್ತೀಯೇನವ್ವಾ?" ಎಂದೆ.

"ನೀ ಯಾಕ ಬಿಡ್ತಿ? ಹುಚ್ಚು ಅವಂದು, ಓದು ನಿಂದು," ಎಂದಳು.

ಮರುದಿನ ಅವ್ವನೇ ನನ್ನನ್ನು ತಡಸಕ್ಕೆ, ಅವನ ತಾಯಿಯ ಹತ್ತಿರ ಕರೆದುಕೊಂಡು ಹೋದಳು. ಜಗಳಕ್ಕೆ ತಯಾರಾಗಿಯೇ ಹೋಗಿದ್ದೆವು. ಆಕೆ ನಮ್ಮ ಮಾತು ಪೂರ್ತಿ ಕೇಳಿದರು.

"ಅವರಪ್ಪನೂ ನನ್ನ ಹಿಂಗ ಇಟ್ಟಿದ್ರು. ಅವರು ಇರೂತನಕ ತವರಿಗೆ ಹೋಗಾಕ ಬಿಡಲಿಲ್ಲ. ಮಗಾ ಅದನ್ನ ನೋಡಿ ಕಲ್ತಾನ. ನೀ ನನ್ನಂಗ ಆಗಬ್ಯಾಡವಾ."

ಅಷ್ಟರಲ್ಲಿ ಅವನು ಒಳಗೆ ಬಂದ. ತಾಯಿ ನಮ್ಮೆದುರಿಗೇ, "ಇನ್ನ ಈಕಿಗೆ ನೀ ಫೋನ್ ಹಚ್ಚಬಾರದು. ಹಚ್ಚಿದ್ರ ಈಕಿ ಜೋಡಿ ನಾನೂ ಠಾಣೇಕ ಬರ್ತೇನಿ," ಎಂದರು. ಅವನು ತಾಯಿಯ ಮುಖವನ್ನೇ ನೋಡುತ್ತ ನಿಂತ. ಅವರು ಅವನೆದುರು ದನಿ ಎತ್ತಿದ್ದು ಅದೇ ಮೊದಲಿರಬೇಕು.

ಆಮೇಲೂ ಬೇರೆ ಬೇರೆ ನಂಬರಿನಿಂದ ಮೆಸೇಜು ಬಂದವು. ಅವನ ತಾಯಿಗೆ ತಿಳಿಸಿದೆ, ನಿಂತವು. ಅವರು ಅವನನ್ನು ಧಾರವಾಡದ ಮಾನಸಿಕ ವೈದ್ಯರಲ್ಲಿಗೆ ಕರೆದೊಯ್ಯತೊಡಗಿದರೆಂದು ಕೇಳಿದೆ. ನಾನು ಪದ ಹುಡುಕುತ್ತ ಹಿರೇಕೆರೂರಿನ ಕಡೆಯ ಹಳ್ಳಿಗಳಿಗೆ ಹೊರಟೆ. ಮೊದಲ ಸಲ ಅವ್ವ ಜೊತೆಗೆ ಬಂದಳು. ಹಾಡುತ್ತಿದ್ದ ಮುದುಕಿಗೆ ನಡುವೆ ಸಾಲು ಮರೆತಾಗ ಅವ್ವ ಎತ್ತಿಕೊಟ್ಟಳು. ಅವ್ವನಿಗೆ ಆ ಪದ ಬರುತ್ತದೆಂಬುದು ನನಗೇ ಗೊತ್ತಿರಲಿಲ್ಲ. ಆಮೇಲೆ ಒಬ್ಬಳೇ ತಿರುಗಾಡಿದೆ.

ಈಗ ಹಾನಗಲ್ಲಿನ ಕಾಲೇಜೊಂದರಲ್ಲಿ ಪಾಠ ಮಾಡುತ್ತೇನೆ. ಈಚೆಗೆ ಒಂದು ಮಧ್ಯಾಹ್ನ ಅವನ ತಾಯಿಯ ಫೋನು ಬಂತು.

"ಈಗ ಸಿಟ್ಟು ಬಂದ್ರ ಹೊರಗ ಅಡ್ಡಾಡಿ ಬರ್ತಾನವಾ. ನಿನ್ನ ಕೂಡ ಒಂದು ಮಾತು ಆಡಬೇಕಂತ ಅನಸ್ತೈತಂತ ಅವಗ. ಆದ್ರ ಆಕಿಗೆ ತ್ರಾಸ ಆಗ್ತೈತಿ, ಬ್ಯಾಡ ಅಂತ ತಾನ ಸುಮ್ನದಾನ."

"ಚಲೋ ಆತ್ರಿ," ಎಂದೆ. ನಿಜವಾಗಿಯೂ ಹಾಗೇ ಅನಿಸಿತು. ಆಮೇಲೆ ಅವರು, ಎಷ್ಟೋ ವರ್ಷಗಳ ಮೇಲೆ ಹೋದ ವಾರ ತಮ್ಮ ತವರಿಗೆ ಹೋಗಿ ಬಂದದ್ದನ್ನು ಹೇಳುತ್ತಲೇ ಹೋದರು.