ಸುಡದೆ ಬಿಟ್ಟ ಐವತ್ತು ಹೆಜ್ಜೆ

ಊರೆಲ್ಲ ಅವನನ್ನು ಬೂದಿಯಪ್ಪ ಎಂದೇ ಕರೆಯುತ್ತಿತ್ತು. ಕಾಡಿನ ಬೆಂಕಿ ಕಾವಲುಗಾರನಾಗಿ ಇಪ್ಪತ್ತೆಂಟು ವರ್ಷ. ಚಳಿ ಮುಗಿಯುವ ಮೊದಲೇ ಕಾಡಿನಂಚಿನ ಉದ್ದಕ್ಕೂ ತರಗೆಲೆಯನ್ನು ತಾನೇ ಸುಟ್ಟು, ಅಗಲವಾದ ಬೆಂಕಿ ರೇಖೆಯೊಂದನ್ನು ಬರಿದು ಮಾಡಿಡುತ್ತಿದ್ದ. ಬೇಸಿಗೆಯಲ್ಲಿ ಬಂದ ಬೆಂಕಿ ಅಲ್ಲಿ ತಿನ್ನಲು ಏನೂ ಸಿಗದೆ ಸಾಯಬೇಕು. ಸುಟ್ಟಾದ ಮೇಲೆ ಒಂದೊಂದು ಬೊಡ್ಡೆಯನ್ನೂ ಕೈಯ ಹಿಂಬದಿಯಿಂದ ಮುಟ್ಟಿ, ತಣ್ಣಗಿದ್ದರೇ ಮನೆಯ ದಾರಿ. ಆ ಕೈಯ ಮೇಲೆ ಕೂದಲೆಂಬುದೇ ಉಳಿದಿರಲಿಲ್ಲ.

ಅವನಿಗೆ ಬೆಂಕಿಗಿಂತ ಹೆಚ್ಚು ಭಯ ಇಸ್ತ್ರಿಯಮ್ಮನದು. ಕಾಡಿಗೆ ಬೆನ್ನು ಹಾಕಿದ ಕೊನೆಯ ಮನೆ ಅವಳದು. ಊರಿನ ಬಟ್ಟೆ ಒಗೆದು ಇಸ್ತ್ರಿ ಮಾಡಿ ಕೊಡುವವಳು. ಅವನು ಕಡ್ಡಿ ಗೀರಿದನೆಂದರೆ ಅವಳ ಬಿಳಿ ಬಟ್ಟೆಗಳ ಮೇಲೆಲ್ಲ ಮಸಿ. ಆ ವರ್ಷವಂತೂ ದಾರಿಗೇ ಅಡ್ಡ ನಿಂತಳು.

"ಮಗಳಿಗೆ ಹೆರಿಗೆಯಾಗಿ ಹದಿನೈದು ದಿನ ಅಣ್ಣಾ. ನಮ್ಮನೆ ಹಿಂದೆ ಹೊಗೆ ಎಬ್ಬಿಸಿದ್ರೆ ನೋಡಿ ಮತ್ತೆ!"

ಅವಳ ಕೈಯಲ್ಲಿದ್ದ ಕೂಸನ್ನು ನೋಡಿ ಬೂದಿಯಪ್ಪ ಕರಗಿದ. ಅವಳ ಮನೆಯ ಹಿಂದೆ ಐವತ್ತು ಹೆಜ್ಜೆ ಸುಡದೆ ಬಿಟ್ಟ. ಆಮೇಲೆ ಬಂದು ಗುಡಿಸಿದರಾಯಿತು ಎಂದುಕೊಂಡವನು ಕೆಲಸದ ಗಡಿಬಿಡಿಯಲ್ಲಿ ಮರೆತೇಬಿಟ್ಟ. ಯಾರು ಮರೆಯಬಾರದೋ ಅವನೇ ಮರೆತ.

ನೆನಪಾದದ್ದು ಬೇಸಿಗೆಯ ಒಂದು ಮಧ್ಯಾಹ್ನ. ಯಾವನೋ ಪುಣ್ಯಾತ್ಮ ರಸ್ತೆಬದಿ ಎಸೆದ ಸಿಗರೇಟಿನ ತುಂಡು ಒಣಹುಲ್ಲಿಗೆ ತಗುಲಿ, ಗಾಳಿಯೂ ಜೊತೆಗೂಡಿ, ಬೆಂಕಿ ಸೀದಾ ಆ ಐವತ್ತು ಹೆಜ್ಜೆಯ ಕಡೆಗೇ ಹೊರಟಿತ್ತು. ಬೂದಿಯಪ್ಪ ಹಸಿಸೊಪ್ಪಿನ ಕೊಂಬೆ ಹಿಡಿದು, "ಕೂಸು, ಕೂಸು" ಎನ್ನುತ್ತ ಎದ್ದೂಬಿದ್ದೂ ಓಡಿದ.

ಬಂದು ನೋಡಿದರೆ ಅಲ್ಲಿ ಒಂದೇ ಒಂದು ತರಗೆಲೆ ಇಲ್ಲ! ಅಂಗಳದ ಹಾಗೆ ಗುಡಿಸಿದ ಬರಿ ಮಣ್ಣು. ಬೆಂಕಿ ಅಲ್ಲಿಯವರೆಗೆ ಬಂದು, ಅತ್ತಿತ್ತ ತಡಕಾಡಿ, ಕುಗ್ಗಿತು. ಅಂಚಿನಲ್ಲಿ ಉಳಿದದ್ದನ್ನು ಅವನು ಸೊಪ್ಪಿನಿಂದ ಬಡಿದು ಆರಿಸಿದ.

ಇಸ್ತ್ರಿಯಮ್ಮ ಪೊರಕೆ ಹಿಡಿದು ನಿಂತಿದ್ದಳು.

"ನೀನಾ ತಾಯಿ ಗುಡಿಸಿದ್ದು?"

"ಮತ್ತಿನ್ಯಾರು? ದಿನಾ ಬೆಳಿಗ್ಗೆ ಇದೇ ಕೆಲಸ. ನಾನು ಹೊಗೆ ಬೇಡ ಅಂದೆ ಅಣ್ಣಾ, ಬೆಂಕಿ ಬರ್ಲಿ ಅಂದ್ನಾ?"

ಊರನ್ನು ತಾನೊಬ್ಬನೇ ಕಾಯುತ್ತಿದ್ದೇನೆ ಎಂದುಕೊಂಡಿದ್ದವನು ಕೈಯಲ್ಲಿದ್ದ ಕೊಂಬೆಯನ್ನು ಕೆಳಗಿಟ್ಟ. ಒಳಗೆ ಕೂಸು ಅಳುತ್ತಿತ್ತು. ಅಷ್ಟು ಹಿತವಾದ ಸದ್ದನ್ನು ಅವನು ಎಂದೂ ಕೇಳಿರಲಿಲ್ಲ.

"ನಿನ್ನ ಋಣ ದೊಡ್ಡದು ತಾಯಿ" ಎಂದು ಕೈಮುಗಿದ. ತಂತಿಯ ಮೇಲಿನ ಬಟ್ಟೆಗಳಿಗೆಲ್ಲ ಮಸಿ ಹಿಡಿದಿತ್ತು. ಬಕೆಟ್ ಎತ್ತಿಕೊಂಡು, "ಇವತ್ತು ಒಗೆಯೋದು ನಾನು" ಎಂದ.

"ಮೊದ್ಲು ಆ ಬೂದಿ ಕೈ ತೊಳ್ಕೊಳ್ಳಿ" ಎಂದು ಇಸ್ತ್ರಿಯಮ್ಮ ಸೋಪು ಕೊಟ್ಟಳು.