ಮಹಾನಂದಾಳ ಕಬಡ್ಡಿ ಕಾದಂಬರಿ

ತೊಂಬತ್ತಾರನೇ ಇಸವಿಯಲ್ಲಿ ಬೊಮ್ಮನಹಳ್ಳಿಯ ಒಂದು ಗಾರ್ಮೆಂಟ್ಸ್ ಫ್ಯಾಕ್ಟರಿಯಲ್ಲಿ ನಾನು ಇಸ್ತ್ರಿ ವಿಭಾಗದವನು. ಪರದೇಶದ ಗಂಡಸರು ತೊಡುವ ಅಂಗಿಗಳ ಸುಕ್ಕು ತೆಗೆಯುತ್ತ, ಸ್ವಂತ ಅಂಗಿ ಮುದುರಿಕೊಂಡೇ ಓಡಾಡುತ್ತಿದ್ದೆ. ಆ ಮುದುರಿದ ಅಂಗಿಯಲ್ಲೇ ಮಹಾನಂದಾಳನ್ನು ಪ್ರೀತಿಸಲು ಹೊರಟಿದ್ದೆ. ಅವಳಿಗೆ ಇದು ಗೊತ್ತಿರಲಿಲ್ಲ. ಗೊತ್ತಾಗುವಂಥದ್ದೇನನ್ನೂ ನಾನು ಮಾಡಿರಲಿಲ್ಲ.

ಮಹಾನಂದಾ ಬಾಗಲಕೋಟೆ ಕಡೆಯವಳು, ಅಂಗಿಗೆ ತೋಳು ಜೋಡಿಸುತ್ತಿದ್ದಳು. ಅವಳ ಮುಂದಿನ ಮಷೀನಿನಲ್ಲಿ ಅವಳ ಊರಿನವಳೇ ಆದ ಹನುಮವ್ವ ಕಾಲರ್ ಹೊಲಿಯುತ್ತಿದ್ದಳು. ಇಬ್ಬರೂ ಶಾಲೆಯಲ್ಲಿ ಕಬಡ್ಡಿ ಆಡಿದವರು. ಇಲ್ಲಿ ಒಂದೇ ಬಾಡಿಗೆ ಕೋಣೆ, ಒಂದೇ ಸೀಮೆಎಣ್ಣೆ ಸ್ಟೌ. ಇಷ್ಟೆಲ್ಲ ಗೊತ್ತಿದ್ದೂ ನನಗೇನೂ ಹೊಳೆಯಲಿಲ್ಲ. ನನ್ನ ಬುದ್ಧಿ ಅಷ್ಟು ಚುರುಕು.

ಮಧ್ಯಾಹ್ನ ಡಬ್ಬಿ ಬಿಚ್ಚಿದಾಗ ಮಹಾನಂದಾ ಕಥೆ ಹೇಳುತ್ತಿದ್ದಳು. ಲೈಬ್ರರಿಯಿಂದ ತಂದ ಕಾದಂಬರಿಯದು ಎನ್ನುತ್ತಿದ್ದಳು. ಅದರಲ್ಲಿ ಕಬಡ್ಡಿ ತಂಡದ ಇಬ್ಬರು ಹುಡುಗಿಯರು. ಒಬ್ಬಳು ಅಂಕಣದ ಮೂಲೆಯಲ್ಲಿ ನಿಲ್ಲುವವಳು, ಇನ್ನೊಬ್ಬಳು ಅವಳ ಕೈ ಹಿಡಿದು ಪಕ್ಕದಲ್ಲಿ ನಿಲ್ಲುವವಳು. ಎದುರಿನವಳು ಉಸಿರು ಕಟ್ಟಿ ನುಗ್ಗಿದಾಗ ಆ ಕೈ ಬಿಡಬಾರದು. ಬಿಟ್ಟರೆ ಆ ಸಂದಿಯಲ್ಲೇ ಅವಳು ಪಾರು.

"ಊರ ಮಂದಿಯೆಲ್ಲಾ ನೋಡಾಕತ್ತಾರ, ಇವರಿಬ್ರೂ ಕೈ ಕೈ ಹಿಡ್ಕೊಂಡು ನಿಂತಾರ. ಯಾರರ ಏನರ ಅಂತಾರೇನು? ಚಪ್ಪಾಳಿ ಹೊಡೀತಾರ!" ಎನ್ನುತ್ತಿದ್ದಳು. ಆಟ ಮುಗಿದ ಮೇಲೆ ಒಬ್ಬಳ ಮೊಣಕಾಲಿನ ಗಾಯಕ್ಕೆ ಇನ್ನೊಬ್ಬಳು ಅರಿಶಿನ ಹಚ್ಚುವುದನ್ನೇ ಊಟದ ಹೊತ್ತು ಪೂರ್ತಿ ಹೇಳಿದಳು. ಹೆಂಗಸರ ಕೈಯಲ್ಲಿ ಅನ್ನ ಒಣಗಿತು.

ನಾನು ಕಂಬದ ಹಿಂದೆ ಕೂತು ನಾಯಕನಿಗಾಗಿ ಕಾಯುತ್ತಿದ್ದೆ. ಅವನು ತೆಳ್ಳಗೋ ದಪ್ಪಗೋ, ಮೀಸೆ ಇದೆಯೋ ಇಲ್ಲವೋ ತಿಳಿದುಕೊಂಡು ಅದರಂತೆ ತಯಾರಾಗುವ ಯೋಜನೆ ನನ್ನದು. ಅವನು ಬರಲೇ ಇಲ್ಲ. ತಡೆಯಲಾರದೆ ಕೇಳಿದೆ: "ಹೀರೋ ಯಾವಾಗ ಬರ್ತಾನ್ರೀ?"

ಚೆಕಿಂಗ್ ಟೇಬಲ್ಲಿನ ನಾಗಲಕ್ಷ್ಮಮ್ಮ ತಿರುಗಿಬಿದ್ದರು. ಗಂಡನ ಏಟಿಗೆ ಒಂದು ಕಿವಿ ಕೇಳಿಸದಂತಾದವರು.

"ಸುಮ್ನಿರೋ ಲೇ! ಮನೇಗೋದ್ರೆ ಒಬ್ಬ ಅವ್ನೆ, ಇಲ್ಲಿ ಸೂಪರ್‌ವೈಜರ್ ಒಬ್ಬ ಅವ್ನೆ. ಕಥೇಲೂ ಒಬ್ಬನ್ನ ತಂದು ಕೂರಿಸ್ಬೇಕಾ? ಇವರಿಬ್ರಲ್ಲಿ ಯಾರೂ ಯಾರ್ಗೂ ಹೊಡೆಯಲ್ಲ, ಅದಕ್ಕೇ ನಾನು ಕೇಳ್ತಿರೋದು. ನೀನು ಹೇಳಮ್ಮಿ, ಆಮೇಲೆ?"

ಎಲ್ಲರೂ "ಆಮೇಲೆ?" ಎನ್ನುತ್ತಿದ್ದರು. ಹನುಮವ್ವ ಮಾತ್ರ ಒಮ್ಮೆಯೂ ಅನ್ನಲಿಲ್ಲ. ತಲೆ ತಗ್ಗಿಸಿ ರೊಟ್ಟಿ ಮುರಿಯುತ್ತಿದ್ದಳು.

ಫೈನಲ್ ಪಂದ್ಯದ ದಿನವೇ ಮೂಲೆಯವಳನ್ನು ನೋಡಲು ಗಂಡಿನವರು ಬರುತ್ತಾರೆ ಎಂಬಲ್ಲಿಗೆ ಕಥೆ ನಿಂತಿತು. "ಪುಸ್ತಕ ವಾಪಸ್ ಕೊಟ್ಟೀನಿ, ಮುಂದಿಂದು ಓದಿಲ್ಲ" ಎಂದುಬಿಟ್ಟಳು ಮಹಾನಂದಾ. ನನಗೆ ಅವಕಾಶ ಕಂಡಿತು. ಪುಸ್ತಕ ಹುಡುಕಿ ತಂದರೆ ಅವಳ ಕಣ್ಣಿಗಾದರೂ ಬೀಳಬಹುದು.

ಬಸ್ ಸ್ಟಾಪಿನ ಹಿಂದೆ ಕೃಷ್ಣಪ್ಪ ಕಾದಂಬರಿಗಳನ್ನು ಬಾಡಿಗೆಗೆ ಕೊಡುತ್ತಿದ್ದ. ಹತ್ತಿರದಲ್ಲಿದ್ದ ಲೈಬ್ರರಿ ಅದೊಂದೇ.

"ಇಬ್ರು ಹುಡ್ಗೀರು, ಕಬಡ್ಡಿ ಆಡ್ತಾರೆ, ಒಬ್ರಂದ್ರೆ ಒಬ್ರಿಗೆ ಪ್ರಾಣ. ಆ ಕಾದಂಬ್ರಿ ಕೊಡಿ ಸಾರ್."

ಕೃಷ್ಣಪ್ಪ ಕನ್ನಡಕ ಏರಿಸಿ ನನ್ನನ್ನು ನೋಡಿದ. "ಯಾರಪ್ಪಾ ಬರೀತಾರೆ ಅದನ್ನ? ಬರೆದ್ರೂ ಯಾರು ಅಚ್ಚು ಹಾಕ್ತಾರೆ? ಡಾಕ್ಟರು-ನರ್ಸು ಇದೆ, ತಗೊಂಡೋಗು."

ಬರಿಗೈಲಿ ಬರಲು ನಾಚಿಕೆಯಾಗಿ ಡಾಕ್ಟರು-ನರ್ಸನ್ನೇ ತಂದೆ. ಮರುದಿನ ನಲ್ಲಿಯ ಹತ್ತಿರ ಮಹಾನಂದಾಳಿಗೆ ಹೇಳಿದೆ: "ಅಂಥ ಕಾದಂಬ್ರೀನೇ ಇಲ್ವಂತೆ."

"ಇಲ್ಲ ತಮ್ಮಾ. ಇದ್ದಿದ್ರ ಕಡೀಕ ಏನಾಗ್ತೈತಿ ಅಂತ ನಾನೂ ಓದಿರ್ತಿದ್ನಿ."

ತಮ್ಮಾ ಎಂಬಲ್ಲಿಗೆ ನನ್ನ ಕಥೆ ಮುಗಿಯಿತು. ಅವಳು ಡಬ್ಬಿ ತಿಕ್ಕುತ್ತಲೇ ಇದ್ದಳು.

"ಐತ್ವಾರ ಹನುಮವ್ವನ ಅಣ್ಣ ಬರಾಕತ್ತಾನ. ಆಕಿ ಲಗ್ನ ಗೊತ್ತಾಗೇತಿ. ಬಿಟ್ಟು ಹೋಗಬ್ಯಾಡ ಅಂತ ನೆಟ್ಟಗ ಹೇಳಾಕ ನನಗ ಬಾಯಿ ಬರಲಿಲ್ಲ, ಅದಕ್ಕ ಕಥಿ ಮಾಡಿ ಹೇಳಿದ್ನಿ." ಆಮೇಲೆ, "ಟ್ರಂಕ್ ಭಾರ ಐತಿ. ಹೊರಾಕ ಬರ್ತೀಯೇನು?"

ನನ್ನ ದಪ್ಪ ತಲೆಗೆ ಆಗ ಹೊಳೆಯಿತು: ಮೂಲೆಯವಳು ಹನುಮವ್ವ, ಪಕ್ಕದವಳು ಇವಳು.

ನಾಯಕನಾಗಲು ಹೊರಟವನು ಭಾನುವಾರ ಮೆಜೆಸ್ಟಿಕ್‌ನಲ್ಲಿ ಹಮಾಲನಾದೆ. ಬಾಗಲಕೋಟೆ ಬಸ್ಸಿನ ಒಳಗೆ ಹನುಮವ್ವ, ಹೊರಗೆ ಮಹಾನಂದಾ, ಕಿಟಕಿಯ ಸರಳುಗಳ ನಡುವೆ ಇಬ್ಬರ ಕೈ. "ಇಳೀ" ಎಂದಳು ಮಹಾನಂದಾ, ಒಂದೇ ಸಲ, ಮೆಲ್ಲಗೆ. ಹನುಮವ್ವ ಅಣ್ಣನ ಕಡೆ ನೋಡಿದಳು.

ಅಣ್ಣ ಅಮರಪ್ಪ ಒಳ್ಳೆಯ ಮನುಷ್ಯ. ಕಣ್ಣು ಒರೆಸಿಕೊಂಡು ನನಗೆ ಹೇಳಿದ: "ಗೆಳತ್ಯಾರು ಅಂದ್ರ ಹಿಂಗಿರಬೇಕ ನೋಡ್ರಿ. ಲಗ್ನಕ್ಕ ನೀವಿಬ್ರೂ ಬರ್ರಿ ಮತ್ತ." ಅವನು ಬೈದಿದ್ದರೆ, ಅನುಮಾನಪಟ್ಟಿದ್ದರೆ, ಜಗಳಕ್ಕಾದರೂ ಒಂದು ದಾರಿಯಿತ್ತು.

ಕಂಡಕ್ಟರ್ ಸೀಟಿ ಊದಿದ. ಕೈ ಬಿಟ್ಟವಳು ಹನುಮವ್ವ.

ಸೋಮವಾರ ಕಾಲರ್ ಮಷೀನಿಗೆ ಹೊಸಬಳು ಬಂದಳು. ಊಟದ ಹೊತ್ತಿಗೆ ನಾಗಲಕ್ಷ್ಮಮ್ಮ ಬಿಡಲಿಲ್ಲ. "ಇವತ್ತು ಹೇಳ್ಲೇಬೇಕಮ್ಮಿ. ಫೈನಲ್ ಏನಾಯ್ತು?"

"ಸೋತ್ರು ಅಕ್ಕಾ. ಮೂಲ್ಯಾಗಿನಾಕಿ ಕೈ ಬಿಟ್ಟಳು."

"ಅಯ್ಯೋ, ಕಥೆ ತಾನೇ, ಗೆಲ್ಸ್ಬಿಡೇ! ನಿನ್ ಗಂಟೇನು ಹೋಗುತ್ತೆ?"

ಮಹಾನಂದಾ ಬಾಯಿ ತೆರೆದಳು. ಎಲ್ಲರೂ ಕಾದರು, ಕಂಬದ ಹಿಂದೆ ನಾನೂ. "ಗಂಡಿನವರು ಬಂದ್ರು, ಆಕಿ..." ಎಂದವಳು ಅಲ್ಲೇ ನಿಲ್ಲಿಸಿದಳು. ಡಬ್ಬಿ ಮುಚ್ಚಿದಳು. "ಬರವಲ್ದು ಅಕ್ಕಾ."

ಅಂದಿನಿಂದ ಅವಳು ಮಷೀನಿನ ಹತ್ತಿರ ಒಬ್ಬಳೇ ಕೂತು ಉಣ್ಣತೊಡಗಿದಳು. ಹೆಂಗಸರು ಬೇಸರಪಟ್ಟರೆಂದು ನಾನು ಡಾಕ್ಟರು-ನರ್ಸನ್ನು ಓದಿ ಹೇಳಲು ಕೂತೆ. ಅದರಲ್ಲಿ ಮೊದಲ ಪುಟಕ್ಕೇ ನಾಯಕ ಬರುತ್ತಾನೆ, ಮೀಸೆಯೂ ಇದೆ. ನಾಗಲಕ್ಷ್ಮಮ್ಮ ಕೇಳಿಸದ ಕಿವಿಯನ್ನು ನನ್ನ ಕಡೆಗೆ ಮಾಡಿ ಊಟ ಮುಗಿಸಿದರು.