ನೆಟ್ಟಗೆ ಕಿತ್ತುಬಂದ ಮೊಳೆ

ಬೆಳಗಿನ ಆರಕ್ಕೆ ಇನ್ನೂ ಹತ್ತು ನಿಮಿಷವಿದೆ. ಮನೆಯೇ ಇಲ್ಲದ ಮನೆಯೊಂದರ ಅಂಚಿನಲ್ಲಿ ಐವತ್ತೇಳು ವರ್ಷದ ಹೆಂಗಸೊಬ್ಬರು ಮೊಣಕಾಲೂರಿ ಕುಳಿತಿದ್ದಾರೆ. ಬಾಯಲ್ಲಿ ಸಣ್ಣ ಟಾರ್ಚು, ಕಿವಿಯ ಮೇಲೆ ಪೆನ್ಸಿಲ್ಲು, ಎರಡೂ ಮೊಣಕಾಲಿಗೆ ರಬ್ಬರಿನ ಮೆತ್ತೆ. ಮೊನ್ನೆ ಮಧ್ಯಾಹ್ನ ನಾಲ್ಕೂ ಇಪ್ಪತ್ತರವರೆಗೆ ಇಲ್ಲಿ ಮರದ ಗೋಡೆಯ ಮೂರು ಕೋಣೆ, ಒಂದು ಅಡುಗೆಮನೆ, ಹಸಿರು ಬಣ್ಣದ ಬಾಗಿಲು ಇದ್ದವು. ಈಗ ಉಳಿದಿರುವುದು ಕಾಂಕ್ರೀಟಿನ ತಳ ಮತ್ತು ಅದರ ಮೇಲೆ ಬಿಳಿಯ ಸ್ನಾನದ ತೊಟ್ಟಿ ಮಾತ್ರ.

ಅವರು ಕಾಂಕ್ರೀಟಿನ ಅಂಚನ್ನು ಬೆರಳಿಂದ ಸವರುತ್ತಾ ಗೇಣು ಗೇಣಾಗಿ ಮುಂದೆ ಸರಿಯುತ್ತಾರೆ. ಒಂದು ಕಡೆ ನಿಲ್ಲುತ್ತಾರೆ. ಏನನ್ನೋ ಹೆಕ್ಕಿ ಟಾರ್ಚಿನ ಬೆಳಕಿಗೆ ಹಿಡಿಯುತ್ತಾರೆ. ಅದು ಒಂದು ಮೊಳೆ. ಡೊಂಕಿಲ್ಲ, ಬಾಗಿಲ್ಲ, ಅಂಗಡಿಯಿಂದ ಈಗಷ್ಟೇ ತಂದ ಹಾಗಿದೆ.

"ಮೊಳೆ ಬಾಗಿದ್ರೆ ಜಗಳಾಡಿದೆ ಅಂತ ಅರ್ಥ. ಇದು ಜಗಳಾನೇ ಆಡಿಲ್ಲ. ಗಾಳಿ 'ಬಾ' ಅಂದಿದೆ, ಇದು 'ಹೂಂ' ಅಂತ ಹೊರಟುಬಿಟ್ಟಿದೆ" ಎನ್ನುತ್ತಾ ಮೊಳೆಯನ್ನು ಕಾಗದದ ಚೀಟಿಯಲ್ಲಿ ಸುತ್ತಿ ಜೇಬಿಗೆ ಹಾಕಿಕೊಳ್ಳುತ್ತಾರೆ.

ಹವಾಮಾನ ಕಚೇರಿಯಲ್ಲಿ ಇವರ ಹುದ್ದೆಯ ಹೆಸರು ಒಂದು ಸಾಲು ಉದ್ದವಿದೆ. ಅದನ್ನು ಯಾರೂ ಬಳಸುವುದಿಲ್ಲ. ಎಲ್ಲರ ಬಾಯಲ್ಲೂ ಇವರು ಮೊಳೆಯಕ್ಕ. ಸುಂಟರಗಾಳಿ ಬೀಸಿಹೋದ ಮರುದಿನ ಅದು ನಡೆದ ದಾರಿಯಲ್ಲೇ ತಾವೂ ನಡೆದು, ಅದರ ಬಲ ಎಷ್ಟಿತ್ತೆಂದು ಸೊನ್ನೆಯಿಂದ ಐದರವರೆಗಿನ ದರ್ಜೆಯಲ್ಲಿ ಒಂದು ಅಂಕಿಯಾಗಿ ಬರೆಯುವುದು ಇವರ ಕೆಲಸ. ಟೀವಿಯಲ್ಲಿ ಸಂಜೆ ಆ ಅಂಕಿ ಬರುತ್ತದೆ. ಅದನ್ನು ಬರೆದ ಕೈ ಯಾರದೆಂದು ಇಪ್ಪತ್ತೊಂದು ವರ್ಷದಲ್ಲಿ ಯಾರೂ ಕೇಳಿಲ್ಲ, ಇವರಿಗೂ ಅದರ ಚಿಂತೆ ಇದ್ದಂತಿಲ್ಲ.

ಗಾಳಿಯ ಬಲ ತಿಳಿಯಲು ಮೊಳೆ ಯಾಕೆ ಬೇಕು, ಯಂತ್ರ ಇಲ್ಲವೇ ಎಂದು ಯಾರಿಗಾದರೂ ಅನ್ನಿಸಬಹುದು. ಯಂತ್ರವೇನೋ ಇದೆ. ಆದರೆ ಸುಂಟರಗಾಳಿ ಎಲ್ಲಿ ಇಳಿಯುತ್ತದೆಂದು ಮೊದಲೇ ತಿಳಿದು ಅಲ್ಲಿ ಯಂತ್ರ ನೆಟ್ಟುಬರುವವರು ಯಾರು? ನೆಟ್ಟರೂ ಮೊದಲು ಹಾರಿಹೋಗುವುದು ಅದೇ. ರಾಡಾರ್ ದೂರದಿಂದ ನೋಡುತ್ತದೆ, ನಿಜ. ಆದರೆ ಅದಕ್ಕೆ ಕಾಣುವುದು ಬಹುಪಾಲು ಮೇಲಿನ ಗಾಳಿ, ಅಡುಗೆಮನೆಯ ಕಿಟಕಿಯ ಎತ್ತರದ್ದಲ್ಲ. ಹಾಗಾಗಿ ವಿಜ್ಞಾನಿಗಳು ಗಾಳಿ ಏನನ್ನು ಮುರಿದಿದೆ, ಎಷ್ಟು ಮುರಿದಿದೆ ಎಂಬುದರಿಂದ ಹಿಂದಕ್ಕೆ ಲೆಕ್ಕ ಹಾಕುತ್ತಾರೆ. ಮನೆ, ಶಾಲೆ, ಕಂಬ, ಮರ ಎಂದು ಇಪ್ಪತ್ತೆಂಟು ಬಗೆಯ ಪಟ್ಟಿ ಇದೆ. ಮನೆಗೇ ಹತ್ತು ಮೆಟ್ಟಿಲು. ಮೊದಲನೆಯದರಲ್ಲಿ ಹಾನಿ ಈಗಷ್ಟೇ ಕಣ್ಣಿಗೆ ಬೀಳುವಷ್ಟು, ಹತ್ತನೆಯದರಲ್ಲಿ ಮನೆಯ ಜಾಗದಲ್ಲಿ ತಳ ಮಾತ್ರ ಉಳಿದಿರುತ್ತದೆ.

"ಆದ್ರೆ ಮನೆ ಮನೆಗೂ ವ್ಯತ್ಯಾಸ ಇದೆಯಲ್ಲಾ" ಎನ್ನುತ್ತಾರೆ ಮೊಳೆಯಕ್ಕ. "ಗೋಡೆಯ ಬುಡದ ಮರಾನ ಬೋಲ್ಟು, ನಟ್ಟು, ವಾಷರ್ ಹಾಕಿ ಕಾಂಕ್ರೀಟಿಗೆ ಬಿಗಿದಿದ್ರೆ, ಅದನ್ನ ಕಿತ್ಕೊಂಡು ಹೋಗೋಕೆ ಗಂಟೆಗೆ ಮುನ್ನೂರಿಪ್ಪತ್ತು ಕಿಲೋಮೀಟರ್ ಗಾಳಿ ಬೇಕು. ಬರೀ ಮೊಳೆ ಹೊಡೆದಿದ್ರೆ ಇನ್ನೂರು ಸಾಕು. ಮೇಲಿಂದ ನೋಡಿದ್ರೆ ಎರಡೂ ಒಂದೇ ಥರ ಕಾಣತ್ತೆ. ಬಗ್ಗಿ ನೋಡ್ಬೇಕು."

ಬಗ್ಗಿ ನೋಡುವುದು ಇವರಿಗೆ ಹುಟ್ಟಿನಿಂದ ಬಂದದ್ದು. ಅಪ್ಪ ಬಡಗಿ, ದೊಡ್ಡಪ್ಪ ಬಡಗಿ. ಇವರೂ ಹದಿನಾರು ವರ್ಷ ಮನೆಗಳ ಮರದ ಚೌಕಟ್ಟು ಕಟ್ಟಿದವರು. ಕಚೇರಿಯಲ್ಲಿ ಡಾಕ್ಟರೇಟ್ ಪಡೆದವರಿಗೆ ಕೊರತೆಯಿಲ್ಲ, ಆದರೆ ಸುತ್ತಿಗೆ ಹಿಡಿದು ಗೊತ್ತಿದ್ದವರು ಒಬ್ಬರೂ ಇರಲಿಲ್ಲವಾದ್ದರಿಂದ ಇವರನ್ನು ಕರೆದುಕೊಂಡರು. ಈವರೆಗೆ ಮುನ್ನೂರ ಹನ್ನೆರಡು ಸುಂಟರಗಾಳಿಗಳ ಹಾದಿ ತುಳಿದಿದ್ದಾರೆ. ಒಂದು ದಿನಕ್ಕೆ ಹತ್ತು ಹನ್ನೆರಡು ಕಿಲೋಮೀಟರ್ ನಡಿಗೆ, ನಲವತ್ತು ಐವತ್ತು ಮನೆ, ಆರುನೂರು ಫೋಟೊ. ಐದು ಎಂದು ಬರೆದದ್ದು ಒಂದೇ ಒಂದು ಸಲ. ವರ್ಷಕ್ಕೆ ಎರಡು ಜೊತೆ ಬೂಟು ಸವೆಯುತ್ತವೆ. ಶಾಲಾ ಬಸ್ಸು ಓಡಿಸುವ ಗಂಡ "ನನ್ನ ಬಸ್ಸಿನ ಟೈರೇ ವಾಸಿ" ಎಂದು ಗೇಲಿ ಮಾಡುತ್ತಾರಂತೆ.

ಜೊತೆಗೆ ಬಂದಿರುವ ತರುಣ ವಿಜ್ಞಾನಿ ರಾಡಾರ್ ನೋಡುವವನು. ಅವನ ಅಂದಾಜು ಮೊನ್ನೆ ಸಂಜೆಯೇ ಸಿದ್ಧವಿತ್ತು. ಮೊಳೆಯಕ್ಕ ಮಾತ್ರ ಗಾಳಿಯ ಹಾದಿಯ ಅಂಚಿನಿಂದ, ಒಂದೆರಡು ಹೆಂಚು ಜಾರಿದ ಮನೆಯಿಂದ ಶುರುಮಾಡಿ ನಿಧಾನವಾಗಿ ನಡುವಿಗೆ ಬರುತ್ತಾರೆ. ನಿನ್ನೆ ಕತ್ತಲಾಗುವುದರೊಳಗೆ ಅರ್ಧ ಮುಗಿಸಿದ್ದರು. ಇವತ್ತು ಉಳಿದಿರುವುದು ಈ ಬೀದಿ.

"ಅಕ್ಕಾ, ಒಂಬತ್ತು ಮನೆ ನೆಲಸಮ ಆಗಿವೆ. ಮೇಲಿನೋರು ಫೋನ್ ಮೇಲೆ ಫೋನ್ ಮಾಡ್ತಿದಾರೆ. ನಾಲ್ಕೋ ಐದೋ ಅಂತ ಹೇಳಿಬಿಡ್ಲಾ?"

"ಹೇಳ್ಬಿಡು ತಮ್ಮ. ಆಮೇಲೆ ಆ ಬೇಲಿಗೂ ಹೋಗಿ ಹೇಳು, 'ಐದರ ಗಾಳಿ ಬಂದಿತ್ತು, ನಿನ್ನ ಎಲೆ ಯಾಕೆ ಉದುರಿಲ್ಲ' ಅಂತ."

ಮನೆಯ ತಳದಿಂದ ನಾಲ್ಕು ಹೆಜ್ಜೆಯಲ್ಲಿರುವ ಗಿಡದ ಬೇಲಿಯಲ್ಲಿ ಎಲೆಗಳು ಹಾಗೆಯೇ ಇವೆ. ಪಕ್ಕದ ಮರದ ಕೊಂಬೆ ಮುರಿದಿದೆ, ತೊಗಟೆ ಸುಲಿದಿಲ್ಲ. ಎದುರಿನ ಮನೆಯ ಚಾವಣಿ ಪೂರ್ತಿ ಹೋಗಿದೆ, ಗೋಡೆಗಳು ಮಾತ್ರ ಜಪ್ಪಯ್ಯ ಅಂದರೂ ಕದಲಿಲ್ಲ. ಮೊಳೆಯಕ್ಕ ಅಲ್ಲಿಗೂ ಹೋಗಿ ಬಗ್ಗಿ ನೋಡಿ ಬಂದಿದ್ದಾರೆ. ಅಲ್ಲಿ ಆರು ಅಡಿಗೊಂದು ಬೋಲ್ಟು ಇದೆ. ವಿಜ್ಞಾನಿ ಫೋನನ್ನು ಜೇಬಿಗಿಳಿಸುತ್ತಾನೆ.

ಈ ಹೊತ್ತಿಗೆ ಹಸಿರು ಬಾಗಿಲಿನ ಮನೆಯ ಯಜಮಾನರು ಆಸ್ಪತ್ರೆಯಿಂದ ಬರುತ್ತಾರೆ. ಬೀದಿಯ ಕೊನೆಯ ಬೇಕರಿ ಅವರದು. ಹೆಂಡತಿ ಸ್ನಾನದ ತೊಟ್ಟಿಯಲ್ಲಿ ಮುದುಡಿ ಮಲಗಿದ್ದರಿಂದ ಬದುಕಿಕೊಂಡಿದ್ದಾರೆ, ಸೊಂಟದ ಮೂಳೆ ಮುರಿದಿದೆ. ಬೇಕರಿಯವರ ಬೆನ್ನಹಿಂದೆಯೇ ಗುತ್ತಿಗೆದಾರನೂ ಅಳತೆಪಟ್ಟಿ ಹಿಡಿದು ನಿಂತಿದ್ದಾನೆ. ಒಂಬತ್ತೂ ಮನೆ ಅವನೇ ಕಟ್ಟುವುದು, ಸೋಮವಾರ ಶುರು, ಹಳೆಯ ನಕ್ಷೆಯಲ್ಲೇ.

"ಐದೇ ತಾನೆ ಮೇಡಂ?" ಬೇಕರಿಯವರು ಕೇಳುತ್ತಾರೆ. "ಐದಕ್ಕೆ ಯಾವ ಮನೇನೂ ನಿಲ್ಲಲ್ಲ ಅಂತಾರೆ. ಅವಳಿಗೂ ಹಾಗೇ ಹೇಳಿ ಬಂದಿದೀನಿ."

ಅಂಕಿಯನ್ನು ಮೊದಲು ಮನೆಯವರಿಗೆ ಮುಖಾಮುಖಿ ಹೇಳಬೇಕು, ಆಮೇಲೆಯೇ ಕಚೇರಿಗೆ. ಇದು ಮೊಳೆಯಕ್ಕ ತಾವೇ ಹಾಕಿಕೊಂಡ ಕಟ್ಟಳೆ. ಇದರಿಂದ ವರದಿ ತಡವಾಗಿ ಬೈಸಿಕೊಂಡದ್ದೂ ಉಂಟು. ಅವರು ಚೀಟಿ ಬಿಚ್ಚಿ ಮೊಳೆಯನ್ನು ಬೇಕರಿಯವರ ಅಂಗೈಯಲ್ಲಿಡುತ್ತಾರೆ.

"ಎರಡು, ಅಣ್ಣ. ಇನ್ನೂರಹತ್ತರ ಆಸುಪಾಸಿನ ಗಾಳಿ."

ಬೇಕರಿಯವರ ಮುಖ ಕೆಂಪಗಾಗುತ್ತದೆ. "ಎರಡಾ? ಮೂವತ್ತು ವರ್ಷದ ಮನೆ ಎರಡಕ್ಕೆ ಹೋಯ್ತಾ? ಅಂದ್ರೆ ಅವಳ ಸೊಂಟ ಮುರಿದಿದ್ದು ನನ್ನಿಂದ ಅಂತೀರಾ?"

ಗುತ್ತಿಗೆದಾರ ನಡುವೆ ಬಾಯಿ ಹಾಕುತ್ತಾನೆ. "ನಾಲ್ಕು ಅಂತ ಬರೆದ್ರೆ ನಿಮ್ಮ ಗಂಟೇನು ಹೋಗತ್ತೆ ಮೇಡಂ? ಜನಕ್ಕೂ ಸಮಾಧಾನ."

ಮೊಳೆಯಕ್ಕ ಸ್ನಾನದ ತೊಟ್ಟಿಯ ಅಂಚಿನ ಮೇಲೆ ಕುಳಿತು, ಬೇಕರಿಯವರಿಗೂ ಪಕ್ಕದಲ್ಲಿ ಜಾಗ ತೋರಿಸುತ್ತಾರೆ.

"ಒಂದ್ಸಲ ನಾಲ್ಕು ಅಂತ ಬರೆದಿದ್ದೆ ಅಣ್ಣ. ಕೆಲಸಕ್ಕೆ ಸೇರಿದ ಎರಡನೇ ವರ್ಷ. ಮಳೆ, ಸುಸ್ತು, ಕೊನೇ ಬೀದಿ. ಗಾಡಿಯಿಂದ ಇಳೀಲೇ ಇಲ್ಲ. ಕಿಟಕಿಯಿಂದ ನೋಡಿದೆ, ಬರೀ ತಳ ಕಾಣಿಸ್ತು, ನಾಲ್ಕು ಅಂತ ಗೀಚಿದೆ. ಬಡಗಿ ಮಗಳು ನಾನು, ಬಗ್ಗಿ ನೋಡ್ಲಿಲ್ಲ. ಜನ ಏನಂದ್ಕೊಂಡ್ರು? ಇಂಥ ಗಾಳಿಗೆ ಯಾರೇನು ಮಾಡೋಕಾಗತ್ತೆ ಅಂತ ಹಿಂದಿನ ಥರಾನೇ ಕಟ್ಕೊಂಡ್ರು. ಎಂಟು ವರ್ಷಕ್ಕೆ ಮತ್ತೆ ಗಾಳಿ ಬಂತು, ಅದಕ್ಕಿಂತ ಸಣ್ಣದು. ಅವತ್ತು ಇಳಿದು ನೋಡಿದೆ. ಅದೇ ತಳ, ಇಂಥದೇ ಮೊಳೆ. ಆ ಬೀದೀಲಿ ಬಟ್ಟೆ ಹೊಲಿಯೋಳು ಒಬ್ಬಳಿದ್ದಳು. ಮೊದಲನೇ ಸಲ ಹೋದಾಗ ಗಾಡಿ ಹತ್ರಾನೇ ಬಂದು ನಂಗೆ ಕುಡಿಯೋಕೆ ನೀರು ಕೊಟ್ಟಿದ್ದಳು. ಎರಡನೇ ಸಲ ಅವಳಿರಲಿಲ್ಲ."

ಗುತ್ತಿಗೆದಾರ ಅಳತೆಪಟ್ಟಿಯನ್ನು ಎಳೆಯುತ್ತಾನೆ, ಬಿಡುತ್ತಾನೆ. ಮೊಳೆಯಕ್ಕನ ಕಣ್ಣು ಒದ್ದೆಯಾಗಿದೆ, ದನಿ ಮಾತ್ರ ಗಟ್ಟಿಯಾಗಿಯೇ ಇದೆ.

"ತಪ್ಪು ನಿಮ್ಮದಲ್ಲ. ಮೊಳೆ ಸಾಕು ಅಂತ ನಿಮಗೆ ಯಾರೋ ಹೇಳಿದ್ರು, ನೀವು ನಂಬಿದ್ರಿ. ಐದು ಅಂದ್ರೆ ನಾವೆಲ್ಲ ಕೈ ತೊಳ್ಕೊಂಡು ಮನೆಗೆ ಹೋಗ್ಬಹುದು. ಎರಡು ಅಂದ್ರೆ ತಡೀಬಹುದಿತ್ತು, ಮುಂದೆ ತಡೀಬಹುದು. ಎದುರು ಮನೆ ನೋಡಿ."

ಬೇಕರಿಯವರು ಎದುರಿನ ಗೋಡೆಗಳನ್ನು ನೋಡುತ್ತಾರೆ, ಅಂಗೈಯ ಮೊಳೆಯನ್ನು ನೋಡುತ್ತಾರೆ. ಸಿಟ್ಟು ಪೂರ್ತಿ ಇಳಿದಿಲ್ಲ. ಇಂಥ ಮಾತನ್ನು ಒಂದೇ ಬೆಳಗಿನಲ್ಲಿ ಹೊಟ್ಟೆಗೆ ಹಾಕಿಕೊಳ್ಳುವುದು ಯಾರಿಗೂ ಸುಲಭವಲ್ಲ. ಕೊನೆಗೆ ಕೇಳುತ್ತಾರೆ:

"ಬೋಲ್ಟು ಎಷ್ಟುದ್ದ ಇರ್ಬೇಕು, ತಂಗೀ?"

ಮೊಳೆಯಕ್ಕ ಗೇಣು ಚಾಚಿ ತೋರಿಸುತ್ತಾರೆ. ಇಷ್ಟುದ್ದದ್ದು, ಮುಕ್ಕಾಲು ಭಾಗ ಕಾಂಕ್ರೀಟಿನೊಳಗೆ, ಆರು ಅಡಿಗೊಂದು, ಮೂಲೆಯ ಹತ್ತಿರ ತಪ್ಪದೇ ಒಂದು, ವಾಷರ್ ಮರೆಯುವಂತಿಲ್ಲ. ಬೇಕರಿಯವರು ಆ ಗೇಣಿಗೆ ತಮ್ಮ ಗೇಣು ತಾಗಿಸಿ ಅಳತೆ ತೆಗೆದುಕೊಳ್ಳುತ್ತಾರೆ. ಆಮೇಲೆ ಗುತ್ತಿಗೆದಾರನ ಕಡೆ ತಿರುಗುತ್ತಾರೆ. "ಸೋಮವಾರ ಬೇಡ. ಮೊದಲು ಇದನ್ನ ಬರ್ಕೋ. ಉಳಿದ ಎಂಟು ಮನೆಯೋರಿಗೂ ನಾನೇ ಹೇಳ್ತೀನಿ."

ಗುತ್ತಿಗೆದಾರ ಗೊಣಗುತ್ತಲೇ ಚೀಟಿ ತೆಗೆಯುತ್ತಾನೆ. ಮೊಳೆಯಕ್ಕ ವಿಜ್ಞಾನಿಗೆ ತಲೆಯಾಡಿಸುತ್ತಾರೆ, ಅವನು ಕಚೇರಿಗೆ ಫೋನು ಹಚ್ಚಿ "ಈ ಮನೆಯ ಲೆಕ್ಕಕ್ಕೆ ಎರಡು" ಎನ್ನುತ್ತಾನೆ. ಆ ಕಡೆಯಿಂದ ಎರಡೆರಡು ಸಲ ಕೇಳುತ್ತಾರೆ, ಇವನೂ ಎರಡೆರಡು ಸಲ ಹೇಳುತ್ತಾನೆ. ಮೊಳೆಯಕ್ಕ ಅಷ್ಟರಲ್ಲೇ ಮುಂದಿನ ಮನೆಯ ತಳದ ಬಳಿ ಮೆತ್ತೆಯ ಪಟ್ಟಿ ಬಿಗಿದುಕೊಳ್ಳುತ್ತಿದ್ದಾರೆ.

ನಿವೃತ್ತಿಗೆ ಮೂರು ವರ್ಷವಿದೆ. ಅಷ್ಟರೊಳಗೆ ಏನಾದರೂ ಆಸೆ ಉಂಟೇ ಎಂದರೆ, ಮೊಣಕಾಲೂರುತ್ತಲೇ ಹೇಳುತ್ತಾರೆ:

"ಗಾಳಿ ಬರ್ಬಾರ್ದು ಅಂತ ಕೇಳೋಕಾಗಲ್ಲ, ಅದು ಬಂದೇ ಬರತ್ತೆ. ಬಂದಾಗ ಈ ಬೀದಿಗೇ ನನ್ನನ್ನ ಕಳಿಸ್ಲಿ. 'ಹಸಿರು ಬಾಗಿಲ ಮನೆ, ನಾಲ್ಕು ಹೆಂಚು ಹಾರಿವೆ, ಮನೆಯವರು ಒಳಗಿದ್ದಾರೆ' ಅಂತ ನನ್ನ ಕೈಯಾರೆ ಬರೆದು ಹೋಗ್ಬೇಕು."